ಬೀಜಿಂಗ್ ಅರಮನೆಗೆ ಗೈಡ್ ಬೇಕೇ? ಓದುಗರ ಪ್ರಶ್ನೆ, ನಮ್ಮ ಉತ್ತರ

ಬೀಜಿಂಗಿನ ‘ನಿಷಿದ್ಧ ನಗರಿ’ (ಫರ್ಬಿಡನ್ ಸಿಟಿ), ಅಂದರೆ ಹಿಂದಿನ ಚೀನೀ ಚಕ್ರವರ್ತಿಗಳ ಅರಮನೆಯ ಬಗ್ಗೆ ಬಂದ ಪ್ರಶ್ನೆಗಳನ್ನು ಈ ಬಾರಿ ಒಟ್ಟಿಗೆ ತೆಗೆದುಕೊಂಡಿದ್ದೇವೆ. ಚೀನೀಯರು ಅದನ್ನು ಗೂಗೊಂಗ್, ಅಂದರೆ ಹಳೆಯ ಅರಮನೆ ಎನ್ನುತ್ತಾರೆ. ಉತ್ತರಗಳಲ್ಲಿ ಮತ್ತೆ ಮತ್ತೆ ಬರುವ ಮೂರು ಪದ ಮೊದಲೇ ತಿಳಿದಿರಲಿ: ಮೆನ್ ಎಂದರೆ ಬಾಗಿಲು, ದಿಯನ್ ಎಂದರೆ ಸಭಾಮಂಟಪ, ಗೊಂಗ್ ಎಂದರೆ ಅರಮನೆ.

ಏಜೆಂಟರು ಎಂಟು ಜನರ ಸಣ್ಣ ಗುಂಪಿಗೆ ಒಂದು ದರ, ಬಸ್ಸಿನ ದೊಡ್ಡ ಗುಂಪಿಗೆ ಒಂದು ದರ ಹೇಳುತ್ತಿದ್ದಾರೆ. ನಾವೇ ಟಿಕೆಟ್ ಕೊಂಡು ನೋಡಿಕೊಂಡು ಬಂದರೆ ಆಗದೇ? (ದಾವಣಗೆರೆ)

ಆಗುತ್ತದೆ. ದಾರಿ ತಪ್ಪುವ ಭಯವೂ ಇಲ್ಲ. ದಕ್ಷಿಣದ ವೂಮೆನ್‌ನಿಂದ ಒಳಗೆ, ಉತ್ತರದ ಶೆನ್‌ವೂಮೆನ್‌ನಿಂದ ಹೊರಗೆ ಎಂಬ ಏಕಮುಖ ವ್ಯವಸ್ಥೆ 2011ರಿಂದ ಇದೆ. ನಡುವಿನ ಉದ್ದ 961 ಮೀಟರ್. ಜನರ ಹಿಂದೆ ನಡೆಯುತ್ತಾ ಹೋದರೆ ಒಂದೂವರೆ ಗಂಟೆಯಲ್ಲಿ ಆಚೆ ಬಿದ್ದಿರುತ್ತೀರಿ.

ತೊಂದರೆ ಇರುವುದೇ ಅಲ್ಲಿ. ಆ ನೇರ ದಾರಿಯಲ್ಲಿ ಕೆಂಪು ಗೋಡೆ, ಹಳದಿ ಹೆಂಚು, ದೊಡ್ಡ ಅಂಗಳ. ಮತ್ತೆ ಕೆಂಪು ಗೋಡೆ, ಹಳದಿ ಹೆಂಚು, ಇನ್ನೊಂದು ಅಂಗಳ. ನಾಲ್ಕನೆಯದರ ಹೊತ್ತಿಗೆ ಕಣ್ಣು ಸೋತಿರುತ್ತದೆ. ಜೊತೆಗೆ ಮುಖ್ಯ ಮಂಟಪಗಳ ಒಳಗೆ ಕಾಲಿಡಲು ಬಿಡುವುದಿಲ್ಲ. ಮೈಸೂರು ಅರಮನೆಯ ಹಾಗೆ ದರ್ಬಾರ್ ಹಾಲಿನೊಳಗೆ ನಡೆದಾಡಬಹುದು ಎಂದುಕೊಂಡು ಹೋದವರಿಗೆ ನಿರಾಸೆ ಖಂಡಿತ. ಬಾಗಿಲಲ್ಲಿ ನಿಂತು, ಹತ್ತಾರು ಜನರ ಭುಜದ ಮೇಲಿಂದ, ಕತ್ತಲಲ್ಲಿರುವ ಸಿಂಹಾಸನವನ್ನು ಇಣುಕಬೇಕು. ಏನನ್ನು ನೋಡಬೇಕು ಎಂದು ಮೊದಲೇ ಗೊತ್ತಿಲ್ಲದಿದ್ದರೆ ಏನೂ ಕಾಣುವುದಿಲ್ಲ. ಚಿಕ್ಕ ದುರ್ಬೀನು ಇದ್ದರೆ ಜೇಬಿನಲ್ಲಿರಲಿ.

ಹಾಗಾಗಿ ಗೈಡ್ ಬೇಕು ಎನ್ನುವುದು ನಮ್ಮ ಅಭಿಪ್ರಾಯ. ಆದರೆ ನಡು ದಾರಿಯನ್ನು ಬಿಟ್ಟು ಪಕ್ಕದ ಅಂಗಳಗಳಿಗೆ ಕರೆದೊಯ್ಯುವ ಗೈಡ್ ಬೇಕು. ನೇರ ದಾರಿಯಲ್ಲೇ ಬಾವುಟ ಹಿಡಿದು ನಡೆಸುವವರಿಗೆ ಕೊಟ್ಟ ದುಡ್ಡು ದಂಡ. ಗುಂಪು ಎಂಟು ಜನ ಮೀರದಿರಲಿ. ಎಂಟು ಜನ ಮಂಟಪದ ಕಟಕಟೆಯ ಬಳಿ ಒಂದೇ ಸಲ ನಿಲ್ಲಬಹುದು. ಇಪ್ಪತ್ತೈದು ಜನರಿದ್ದರೆ ಮೊದಲಿನವರು ನೋಡಿ ಮುಗಿಸುವ ಹೊತ್ತಿಗೆ ಕೊನೆಯವರು ಇನ್ನೂ ಶೌಚಾಲಯದ ಸಾಲಿನಲ್ಲಿರುತ್ತಾರೆ, ಅವರಿಗಾಗಿ ಕಾಯುವುದರಲ್ಲೇ ಅರ್ಧ ಗಂಟೆ ಹೋಗುತ್ತದೆ.

ದರವನ್ನು ಹೀಗೆ ತೂಗಿ ನೋಡಿ. ಪ್ರವೇಶ ಟಿಕೆಟ್ ಏಪ್ರಿಲ್‌ನಿಂದ ಅಕ್ಟೋಬರ್‌ವರೆಗೆ 60 ಯುವಾನ್, ನವೆಂಬರ್‌ನಿಂದ ಮಾರ್ಚ್‌ವರೆಗೆ 40. ಅರಮನೆಯೊಳಗಿನ ರತ್ನಭಂಡಾರಕ್ಕೆ (ಟ್ರೆಷರ್ ಗ್ಯಾಲರಿ) ಬೇರೆ 10, ಗಡಿಯಾರಗಳ ಸಂಗ್ರಹಕ್ಕೆ ಇನ್ನೊಂದು 10. ಎಲ್ಲ ಸೇರಿ ಬೇಸಿಗೆಯಲ್ಲಿ 80 ಯುವಾನ್. ಏಜೆಂಟರು ಹೇಳಿದ ದರದಿಂದ ಇದನ್ನು ಕಳೆದರೆ ಉಳಿಯುವುದು ಗೈಡಿನ ಸಂಬಳ ಮತ್ತು ಏಜೆಂಟರ ಲಾಭ. ಉಳಿದದ್ದು ಸೊನ್ನೆಗೆ ಹತ್ತಿರವಿದ್ದರೆ ಖುಷಿಪಡಬೇಡಿ. ಆ ದುಡ್ಡು ರೇಷ್ಮೆ, ಜೇಡ್ ಕಲ್ಲು, ಚಹಾ ಅಂಗಡಿಗಳ ಕಮಿಷನ್‌ನಿಂದ ಬರಲಿದೆ ಎಂದರ್ಥ. ಅತಿ ಅಗ್ಗದ ದರ ತೋರಿಸಿ, ಅಂಗಡಿಗೆ ಕರೆದೊಯ್ದು ಕಮಿಷನ್ ಹೊಡೆಯುವುದನ್ನು ಚೀನಾದ 2013ರ ಪ್ರವಾಸೋದ್ಯಮ ಕಾನೂನೇ ನಿಷೇಧಿಸಿದೆ. ‘ಅಂಗಡಿ ಭೇಟಿ ಇಲ್ಲ’ ಎಂಬ ಸಾಲನ್ನು ಬರಹದಲ್ಲಿ ಕೇಳಿ ಪಡೆಯಿರಿ.

ಇನ್ನೂ ಮೂರು ಮಾತು ಕೇಳಿ: ಪರವಾನಗಿ ಇರುವ ಗೈಡೇ? ರತ್ನಭಂಡಾರದ ಟಿಕೆಟ್ ಸೇರಿದೆಯೇ? ಗೈಡಿನ ಮಾತು ಕೇಳಲು ಕಿವಿಗೆ ಹಾಕುವ ವೈರ್‌ಲೆಸ್ ಯಂತ್ರ ಕೊಡುತ್ತಾರೆಯೇ? ಕೊನೆಯದು ಸಣ್ಣ ವಿಷಯವಲ್ಲ. ಆ ಗದ್ದಲದಲ್ಲಿ ಮೂರು ಮಾರು ದೂರ ನಿಂತರೆ ಬರಿಗಿವಿಗೆ ಏನೂ ಕೇಳಿಸದು.

ಟಿಕೆಟ್ ಸಿಗುವುದೇ ಕಷ್ಟ ಎನ್ನುತ್ತಾರೆ. ಯಾವಾಗ, ಹೇಗೆ ಕಾಯ್ದಿರಿಸಬೇಕು? (ಹುಬ್ಬಳ್ಳಿ)

ಬಾಗಿಲಲ್ಲಿ ಹೋಗಿ ನಿಂತು ಟಿಕೆಟ್ ಕೊಳ್ಳಬಹುದು ಎಂದು ನಂಬಿ ಹೋಗಲೇಬೇಡಿ. ದಿನಕ್ಕೆ ಇಷ್ಟೇ ಜನ ಎಂಬ ಮಿತಿ ಇದೆ. ಭೇಟಿಗೆ ಏಳು ದಿನ ಮೊದಲು, ಬೀಜಿಂಗ್ ಸಮಯ ರಾತ್ರಿ 8 ಗಂಟೆಗೆ ಟಿಕೆಟ್ ಬಿಡುತ್ತಾರೆ. ನಮ್ಮ ಗಡಿಯಾರದಲ್ಲಿ ಅದು ಸಂಜೆ 5.30. ಬೇಸಿಗೆ ರಜೆಯಲ್ಲಿ ಬೆಳಗಿನ ಪಾಳಿಯ ಟಿಕೆಟ್ ನೋಡನೋಡುತ್ತಿದ್ದಂತೆ ಖಾಲಿ. ‘ಆರಾಮಾಗಿ ಮಾಡಿಸೋಣ ಸರ್’ ಎನ್ನುವ ಏಜೆಂಟರನ್ನು ಆ ದಿನ ಸಂಜೆ ಐದೂವರೆಗೆ ಫೋನ್ ಮಾಡಿ ಎಬ್ಬಿಸಿ.

ಪಾಳಿ ಎರಡು, ಬೆಳಗಿನದು ಮತ್ತು ಮಧ್ಯಾಹ್ನದದ್ದು. ಅರಮನೆ ತೆರೆಯುವುದು 8.30ಕ್ಕೆ. ಮುಚ್ಚುವುದು ಬೇಸಿಗೆಯಲ್ಲಿ ಸಂಜೆ 5, ಚಳಿಗಾಲದಲ್ಲಿ 4.30, ಮುಚ್ಚುವ ಒಂದು ಗಂಟೆ ಮೊದಲೇ ಪ್ರವೇಶ ನಿಲ್ಲುತ್ತದೆ. ಬೆಳಗಿನ ಪಾಳಿಯನ್ನೇ ಹಿಡಿಯಿರಿ. ಮಧ್ಯಾಹ್ನ ಹೋದವರಿಗೆ ಪೂರ್ವದ ರತ್ನಭಂಡಾರಕ್ಕೆ ಸಮಯ ಸಾಲುವುದಿಲ್ಲ. ಸೋಮವಾರ ರಜೆ, ರಾಷ್ಟ್ರೀಯ ರಜೆಯ ದಿನಗಳನ್ನು ಬಿಟ್ಟು.

ಈಗ ನಮ್ಮವರು ಎಡವುವ ಜಾಗ. ಟಿಕೆಟ್ ಎಂದರೆ ಕಾಗದವಲ್ಲ, ನಿಮ್ಮ ಪಾಸ್‌ಪೋರ್ಟೇ ಟಿಕೆಟ್. ಬಾಗಿಲಲ್ಲಿ ಅದನ್ನೇ ಯಂತ್ರಕ್ಕೆ ತೋರಿಸಬೇಕು. ನೆರಳಚ್ಚು ಪ್ರತಿ, ಮೊಬೈಲಿನಲ್ಲಿರುವ ಫೋಟೊ ನಡೆಯುವುದಿಲ್ಲ. ಪಾಸ್‌ಪೋರ್ಟ್ ನವೀಕರಿಸಿ ವೀಸಾ ಮಾತ್ರ ಹಳೆಯದರಲ್ಲಿದ್ದರೆ, ಹೊಸ ಪಾಸ್‌ಪೋರ್ಟಿನ ಸಂಖ್ಯೆಯಲ್ಲೇ ಕಾಯ್ದಿರಿಸಿ. ಕರ್ನಾಟಕದವರ ಪಾಸ್‌ಪೋರ್ಟಿನಲ್ಲಿ ಎಷ್ಟೋ ಸಲ ಕುಲನಾಮದ ಜಾಗ ಖಾಲಿ ಇರುತ್ತದೆ, ಇಲ್ಲವೇ ಊರಿನ ಹೆಸರು, ಅಪ್ಪನ ಹೆಸರು ಅಲ್ಲಿ ಕೂತಿರುತ್ತದೆ. ಏಜೆಂಟರು ‘ಇನಿಷಿಯಲ್’ ಹಾಕಿ ತಮಗೆ ಸರಿಕಂಡಂತೆ ತುಂಬುತ್ತಾರೆ. ಪಾಸ್‌ಪೋರ್ಟಿನ ಕೆಳಗಿರುವ ಎರಡು ಯಂತ್ರದ ಸಾಲುಗಳಲ್ಲಿ ಹೆಸರು ಹೇಗಿದೆಯೋ ಹಾಗೇ ತುಂಬಿಸಿ, ಸಂಖ್ಯೆಯನ್ನು ಒಬ್ಬರು ಓದಿ ಇನ್ನೊಬ್ಬರು ತಾಳೆ ನೋಡಿ. ಒಂದು ಅಂಕಿ ತಪ್ಪಿದರೂ ಗುಂಪೆಲ್ಲ ಒಳಗೆ, ನೀವು ಹೊರಗೆ. ಮಕ್ಕಳಿಗೆ ಶುಲ್ಕ ಇಲ್ಲದಿದ್ದರೂ ಅವರ ಪಾಸ್‌ಪೋರ್ಟ್ ಸಂಖ್ಯೆ ಕೊಟ್ಟು ಕಾಯ್ದಿರಿಸಲೇಬೇಕು.

ತಿಯಾನಾನ್‌ಮೆನ್ ಚೌಕಕ್ಕೆ ಕಾಲಿಡಬೇಕೆಂದರೆ ಅದಕ್ಕೆ ಬೇರೆಯೇ ಮುಂಗಡ ನೋಂದಣಿ ಬೇಕು. ಅರಮನೆ ಟಿಕೆಟ್ ಅಲ್ಲಿಗೆ ಆಗುವುದಿಲ್ಲ. ಗೈಡ್ ಎರಡನ್ನೂ ಮಾಡಿಸಿದ್ದಾರೆಯೇ ಎಂದು ವಿಚಾರಿಸಿಕೊಳ್ಳಿ.

ಯಾವ ತಿಂಗಳು ಒಳ್ಳೆಯದು? (ಉಡುಪಿ)

ಸೆಪ್ಟೆಂಬರ್ ನಡುವಿನಿಂದ ಕೊನೆವರೆಗೆ, ಮತ್ತೆ ಅಕ್ಟೋಬರ್ 10ರ ನಂತರ. ಅಕ್ಟೋಬರ್ 1ರಿಂದ 7, ಮೇ ತಿಂಗಳ ಮೊದಲ ವಾರ, ಚೀನೀ ಹೊಸವರ್ಷ ಬೇಡವೇ ಬೇಡ. ಜುಲೈ, ಆಗಸ್ಟ್ ಅಲ್ಲಿನ ಶಾಲೆಗಳಿಗೆ ರಜೆ, ಬಿಸಿಲೂ ಜೋರು, ಮಳೆಯೂ ಆಗಲೇ. ಚಳಿ ತಡೆಯುವವರಿಗೆ ನವೆಂಬರ್ ಕೊನೆ ಚೆನ್ನ: ಜನ ಕಡಿಮೆ, ಟಿಕೆಟ್ ಅಗ್ಗ, ಆಕಾಶ ನೀಲಿ. ಜನವರಿಯಲ್ಲಿ ರಾತ್ರಿ ಸೊನ್ನೆಗಿಂತ ಏಳೆಂಟು ಡಿಗ್ರಿ ಕೆಳಗೆ ಇಳಿಯುತ್ತದೆ. ಸ್ವೆಟರ್ ಒಂದೇ ಸಾಲದು.

ಮೂರೂವರೆ ಗಂಟೆಯ ಟೂರ್ ತೆಗೆದುಕೊಂಡಿದ್ದೇವೆ. ಅಷ್ಟರಲ್ಲಿ ಏನೇನು ತೋರಿಸಲು ಗೈಡಿಗೆ ಹೇಳಬೇಕು? (ಮೈಸೂರು)

ಮೂರೂವರೆ ಗಂಟೆ ಸರಿಯಾದ ಅಳತೆ, ಗೈಡ್ ದಾರಿಯನ್ನು ಜಾಣತನದಿಂದ ಹಾಕಿಕೊಂಡರೆ.

ವೂಮೆನ್ ದಾಟಿ, ಐದು ಬಿಳಿ ಸೇತುವೆಗಳಾಚೆ ತೈಹೆಮೆನ್ ಹೊಕ್ಕರೆ ಎದುರಿಗೆ ತೈಹೆ ದಿಯನ್. ಪಟ್ಟಾಭಿಷೇಕ, ಹುಟ್ಟುಹಬ್ಬ, ಹೊಸವರ್ಷದ ಒಡ್ಡೋಲಗ ನಡೆಯುತ್ತಿದ್ದುದು ಇಲ್ಲಿ. ಯೊಂಗ್ಲೆ ಚಕ್ರವರ್ತಿ 1406ರಲ್ಲಿ ಶುರುಮಾಡಿ 1420ರಲ್ಲಿ ಮುಗಿಸಿದ ಅರಮನೆ ಇದು. ಮರುವರ್ಷವೇ ಸಿಡಿಲು ಬಡಿದು ಮೂರು ಮಹಾಮಂಟಪಗಳೂ ಸುಟ್ಟುಹೋದವು. ಈಗ ಕಾಣುವ ತೈಹೆ ದಿಯನ್ ಕಾಂಗ್‌ಶಿ ಚಕ್ರವರ್ತಿಯ ಕಾಲದ್ದು, 1695ರಲ್ಲಿ ಕಟ್ಟಲು ತೊಡಗಿದ್ದು. ಪೀಠ ಸೇರಿ ಎತ್ತರ ಸುಮಾರು 35 ಮೀಟರ್, ಒಳಗೆ 72 ಮರದ ಕಂಬ. ಎಲ್ಲರೂ ಸಿಂಹಾಸನಕ್ಕೆ ಮುಗಿಬೀಳುವಾಗ ನೀವು ಹಿಂದೆ ಸರಿದು ಮಾಡಿನ ಮೂಲೆ ನೋಡಿ. ಹಕ್ಕಿಯೇರಿದ ಪುರುಷನ ಹಿಂದೆ ಸಾಲಾಗಿ ಕೂತ ಹೆಂಚಿನ ಪ್ರಾಣಿಗಳನ್ನು ಎಣಿಸಿ: ಹತ್ತು. ಕಟ್ಟಡದ ಅಂತಸ್ತು ಇಳಿದಂತೆ ಪ್ರಾಣಿಗಳೂ ಕಡಿಮೆಯಾಗುತ್ತವೆ. ಹತ್ತು ಇರುವುದು ಇದೊಂದಕ್ಕೇ. ಈ ಲೆಕ್ಕ ಒಮ್ಮೆ ಗೊತ್ತಾದರೆ ಮುಂದಿನ ಯಾವ ಮಾಡನ್ನು ಕಂಡರೂ ಆ ಮನೆಯ ಘನತೆ ಎಷ್ಟೆಂದು ನೀವೇ ಹೇಳಬಹುದು, ಒಂದೇ ಥರ ಎನ್ನುವ ಬೇಸರವೂ ಹೋಗುತ್ತದೆ.

ಮಂಟಪಗಳು ನಿಂತಿರುವ ಮೂರು ಹಂತದ ಬಿಳಿ ಕಲ್ಲಿನ ಪೀಠವನ್ನು ನಮ್ಮ ಹೊಯ್ಸಳ ಗುಡಿಗಳ ಜಗತಿ ಎಂದುಕೊಳ್ಳಿ. ಅಂಚಿನಲ್ಲಿ ಹೊರಚಾಚಿದ ಸಾವಿರಕ್ಕೂ ಹೆಚ್ಚು ಕಲ್ಲಿನ ಡ್ರ್ಯಾಗನ್ ತಲೆಗಳಿವೆ. ಅಲಂಕಾರ ಎಂದು ಬಿಟ್ಟುಬಿಡಬೇಡಿ, ಅವು ಮಳೆನೀರನ್ನು ಹೊರಗೆ ಉಗುಳುವ ಕೊಳವೆಗಳು. ಜೋರು ಮಳೆ ಬಂದರೆ ಕೊಡೆ ಹಿಡಿದು ಅಲ್ಲೇ ನಿಲ್ಲಿ, ಉಳಿದವರು ಓಡಲಿ.

ಮೂರನೆಯ ಮಂಟಪ ಬಾವ್‌ಹೆ ದಿಯನ್‌ನ ಹಿಂಬದಿಗೆ ಹೋಗಲು ಮರೆಯಬೇಡಿ. ಮೆಟ್ಟಿಲುಗಳ ನಡುವೆ ಮಲಗಿರುವ ಕೆತ್ತನೆಯ ಕಲ್ಲು ಒಂದೇ ಬಂಡೆ: ಉದ್ದ ಹದಿನಾರೂವರೆ ಮೀಟರಿಗೂ ಹೆಚ್ಚು, ಅಗಲ 3 ಮೀಟರ್, ದಪ್ಪ 1.7 ಮೀಟರ್, ತೂಕ 200 ಟನ್ ಮೀರಿದ್ದು. ನೈರುತ್ಯಕ್ಕೆ ಸುಮಾರು 70 ಕಿ.ಮೀ. ದೂರದ ಫಾಂಗ್‌ಶಾನ್ ಕ್ವಾರಿಯಿಂದ ತಂದದ್ದು. ಅಷ್ಟು ಭಾರಕ್ಕೆ ಚಕ್ರದ ಗಾಡಿ ತಡೆಯುವುದಿಲ್ಲ. ಚಳಿಗಾಲ ಕಾದು, ದಾರಿಯುದ್ದಕ್ಕೂ ಬಾವಿ ತೋಡಿ, ನೀರು ಸುರಿದು ಹೆಪ್ಪುಗಟ್ಟಿಸಿ, ಆ ಮಂಜಿನ ಮೇಲೆ ಎಳೆತಂದರು.

ಅಲ್ಲಲ್ಲಿ ದೊಡ್ಡ ಲೋಹದ ಕೊಪ್ಪರಿಗೆಗಳಿವೆ. ಬೆಂಕಿ ಬಿದ್ದರೆ ಆರಿಸಲೆಂದು ಇಟ್ಟ ನೀರಿನವು. ಚಳಿಗಾಲದಲ್ಲಿ ಹತ್ತಿಯ ಹೊದಿಕೆ ಹೊದಿಸಿ, ನೀರು ಗಡ್ಡೆಯಾಗದಂತೆ ಅಡಿಯಲ್ಲಿ ಕೆಂಡ ಇಡುತ್ತಿದ್ದರು. ಚಿನ್ನ ಲೇಪಿಸಿದವುಗಳ ಮೈಮೇಲೆ ಹೆರೆದ ಗೆರೆ ಕಾಣುತ್ತದೆ. 1900ರಲ್ಲಿ ಬೀಜಿಂಗ್ ಹಿಡಿದ ಎಂಟು ರಾಷ್ಟ್ರಗಳ ಸೈನಿಕರು ಚಿನ್ನ ಕೆರೆದದ್ದು ಎಂದು ಗೈಡುಗಳು ಹೇಳುತ್ತಾರೆ. ಆ ದಂಡಿನಲ್ಲಿ ಬ್ರಿಟಿಷರ ಕೈಕೆಳಗಿನ ಭಾರತೀಯ ಸಿಪಾಯಿಗಳೂ ಇದ್ದರು ಎಂಬುದು ನಮ್ಮವರಿಗೆ ನೆನಪಿದ್ದರೆ ಒಳ್ಳೆಯದು.

ಇಲ್ಲಿಂದಾಚೆ ಒಳ ಅಂಗಳ. ಚಿಯನ್‌ಚಿಂಗ್ ಗೊಂಗ್‌ನಲ್ಲಿ ಸಿಂಹಾಸನದ ಮೇಲಿನ ನಾಲ್ಕಕ್ಷರದ ಫಲಕ ನೋಡಿ. ಯೊಂಗ್‌ಜೆಂಗ್ ಚಕ್ರವರ್ತಿ ಉತ್ತರಾಧಿಕಾರಿಯ ಹೆಸರು ಬರೆದು ಪೆಟ್ಟಿಗೆಯಲ್ಲಿಟ್ಟು ಅದರ ಹಿಂದೆ ಇರಿಸುವ ಪದ್ಧತಿ ತಂದ. ದೊರೆ ಬದುಕಿರುವಾಗ ಮಕ್ಕಳು ಕಾದಾಡದಿರಲಿ ಎಂದು. ಹಿಂದಿನ ಜಿಯಾವ್‌ತೈ ದಿಯನ್‌ನಲ್ಲಿ ಚಿಂಗ್ ಮನೆತನದ 25 ರಾಜಮುದ್ರೆಗಳು, ಕುನ್‌ನಿಂಗ್ ಗೊಂಗ್‌ನಲ್ಲಿ ಮದುವೆಯ ಕೋಣೆ. ಇವೆರಡಕ್ಕೆ ಹದಿನೈದು ನಿಮಿಷ ಸಾಕು.

ಉಳಿದ ಹೊತ್ತನ್ನು ಪೂರ್ವದ ರತ್ನಭಂಡಾರಕ್ಕೆ ಕೊಡಿ. ಹತ್ತು ಯುವಾನ್ ಉಳಿಸಲು ಬಸ್ಸಿನ ಗುಂಪುಗಳು ಬಿಟ್ಟುಬಿಡುವ ಈ ಭಾಗವೇ ಅರಮನೆಯಲ್ಲಿ ಸೊಗಸಾದದ್ದು. ಚಿಯನ್‌ಲೊಂಗ್ ಚಕ್ರವರ್ತಿ ನಿವೃತ್ತಿಗೆಂದು ಕಟ್ಟಿಸಿಕೊಂಡ ಮನೆಗಳಿವು. ಬಾಗಿಲ ಬಳಿಯ ಒಂಬತ್ತು ಡ್ರ್ಯಾಗನ್‌ಗಳ ಮೆರುಗು ಹೆಂಚಿನ ಗೋಡೆ 29.4 ಮೀಟರ್ ಉದ್ದ. ಪೂರ್ವದಿಂದ ಮೂರನೆಯದಾದ ಬಿಳಿ ಡ್ರ್ಯಾಗನ್ನಿನ ಹೊಟ್ಟೆಯನ್ನು ದಿಟ್ಟಿಸಿ ನೋಡಿ: ಒಂದು ತುಂಡು ಹೆಂಚಲ್ಲ, ಮರ. ಒಡೆದ ಹೆಂಚಿನ ಜಾಗಕ್ಕೆ ಕೆಲಸಗಾರರು ಮರ ಕೆತ್ತಿ ಬಣ್ಣ ಹಚ್ಚಿ ಕೂರಿಸಿ ತಲೆ ಉಳಿಸಿಕೊಂಡರೆಂಬ ಕತೆಯಿದೆ. ಉತ್ತರದ ತುದಿಯಲ್ಲಿ ಸಣ್ಣ ಬಾಯಿಯ ಬಾವಿಯೊಂದಿದೆ. 1900ರಲ್ಲಿ ವಿಧವಾ ಸಾಮ್ರಾಜ್ಞಿ ಸಿಶಿ ಊರು ಬಿಟ್ಟು ಓಡುವ ಮೊದಲು, ಆಗಿನ ಚಕ್ರವರ್ತಿ ಗುವಾಂಗ್‌ಶುವಿನ ಮೆಚ್ಚಿನ ರಾಣಿ ಜೆನ್ ಪ್ರಾಣ ಕಳೆದುಕೊಂಡದ್ದು ಇದರಲ್ಲಿ.

ದಾರಿಯ ಗುಟ್ಟು ಇದು: ರತ್ನಭಂಡಾರವನ್ನು ದಕ್ಷಿಣದಿಂದ ಹೊಕ್ಕು ಉತ್ತರಕ್ಕೆ ಸಾಗಿದರೆ ಹೊರಬೀಳುವುದು ಶೆನ್‌ವೂಮೆನ್ ಹತ್ತಿರ. ಅಲ್ಲಿಂದ ಒಳ ಅಂಗಳಕ್ಕೆ ಹಿಂದಿರುಗಿ ಬರುವುದು ಕಾಲಿಗೂ ಕಷ್ಟ, ಸಮಯಕ್ಕೂ ನಷ್ಟ. ಹಾಗಾಗಿ ಒಳ ಅಂಗಳ ಮೊದಲು, ರತ್ನಭಂಡಾರ ಕೊನೆಗೆ. ಹೊರಬಾಗಿಲು ದಾಟಿದ ಮೇಲೆ ಅದೇ ಟಿಕೆಟಿನಲ್ಲಿ ಮತ್ತೆ ಒಳಗೆ ಬಿಡುವುದಿಲ್ಲ.

9,999 ಕೋಣೆಗಳಿವೆ ಎನ್ನುತ್ತಾರಲ್ಲ? (ಚಿತ್ರದುರ್ಗ)

ಸ್ವರ್ಗದ ಅರಮನೆಗೆ ಹತ್ತು ಸಾವಿರ, ಭೂಮಿಯದ್ದಕ್ಕೆ ಅರ್ಧ ಕೋಣೆ ಕಡಿಮೆ ಎಂಬ ಕತೆಯಿಂದ ಬಂದ ಮಾತು. 1973ರಲ್ಲಿ ತಜ್ಞರು ಎಣಿಸಿದಾಗ ಸಿಕ್ಕಿದ್ದು 8,707. ಅದೂ ನಾವಂದುಕೊಳ್ಳುವ ಕೋಣೆಯಲ್ಲ. ನಾಲ್ಕು ಕಂಬಗಳ ನಡುವಿನ ಜಾಗ, ನಮ್ಮ ಹಳೆ ಮನೆಗಳ ಲೆಕ್ಕದ ‘ಅಂಕಣ’.

ತಾಯಿಗೆ 68 ವರ್ಷ, ಮಂಡಿನೋವು. ಕರೆದುಕೊಂಡು ಹೋಗಬಹುದೇ? (ಶಿವಮೊಗ್ಗ)

ಹೋಗಬಹುದು, ಆದರೆ ಗುಂಪಿನ ನಡಿಗೆಗೆ ಸೇರಿಸಬೇಡಿ. ನಿಮ್ಮ ಮನೆಯವರಿಗಷ್ಟೇ ಒಬ್ಬ ಗೈಡ್ ಮಾಡಿಕೊಳ್ಳಿ. ಉದ್ದ ಒಂದು ಕಿ.ಮೀ. ಇದ್ದರೂ ಅತ್ತಿತ್ತ ಸುತ್ತಿ ನಡೆಯುವುದು ನಾಲ್ಕೈದು ಕಿ.ಮೀ. ಆಗುತ್ತದೆ. ಶತಮಾನಗಳ ತುಳಿತಕ್ಕೆ ಸವೆದ ಇಟ್ಟಿಗೆ, ಏರುತಗ್ಗಿನ ಚಪ್ಪಡಿ. ಬಾಗಿಲುಗಳ ಹೊಸ್ತಿಲು ಎತ್ತರ. ಕೊನೆಯ ಚಕ್ರವರ್ತಿ ಪುಯಿ ಹುಡುಗನಾಗಿದ್ದಾಗ ಸೈಕಲ್ ಹೊಡೆಯಲೆಂದು ಕೆಲವನ್ನು ಗರಗಸದಿಂದ ಕತ್ತರಿಸಿ ಹಾಕಿಸಿದ. ಎಲ್ಲವನ್ನೂ ಅಲ್ಲವಲ್ಲ! ಮೂರು ಮಹಾಮಂಟಪಗಳ ಪೀಠ ಹತ್ತಲಾಗದವರು ಪಕ್ಕದ ಅಂಗಳದ ಬಾಗಿಲುಗಳಿಂದ ನೆಲಮಟ್ಟದಲ್ಲೇ ಉತ್ತರಕ್ಕೆ ಸಾಗಬಹುದು. ಗೈಡಿಗೆ ಇದನ್ನು ಹಿಂದಿನ ದಿನವೇ ಹೇಳಿ.

ಹೊರ ಅಂಗಳಗಳಲ್ಲಿ ಮರವೇ ಇಲ್ಲ, ನೆರಳೂ ಇಲ್ಲ. ಕೂರಲು ತಂಪಾದ ಜಾಗ ಸಿಗುವುದು ಉತ್ತರ ತುದಿಯ ಉದ್ಯಾನದಲ್ಲಿ, ಹಳೆಯ ಸೈಪ್ರೆಸ್ ಮರಗಳ ಕೆಳಗೆ. ಟೋಪಿ, ನೀರಿನ ಬಾಟಲಿ, ಹಿಡಿತ ಚೆನ್ನಾಗಿರುವ ಬೂಟು ಬೇಕು. ಸೀರೆ ಉಡುವವರು ಹೊಸ್ತಿಲು ದಾಟುವಾಗ ನೆರಿಗೆ ಎತ್ತಿ ಹಿಡಿಯಬೇಕಾಗುತ್ತದೆ.

ನಾವು ಸಸ್ಯಾಹಾರಿಗಳು. ಫೋನ್, ದುಡ್ಡಿನ ವ್ಯವಸ್ಥೆ ಹೇಗೆ? (ಬೆಂಗಳೂರು)

ಅರಮನೆಯೊಳಗೆ ಊಟದ ಜಾಗ ಕಡಿಮೆ. ‘ತರಕಾರಿ’ ಎಂದು ಕೊಟ್ಟದ್ದರಲ್ಲೂ ಮಾಂಸದ ಸಾರು, ಸಿಂಪಿಯ ಸಾಸ್ ಇರಬಹುದು. ಬೆಳಿಗ್ಗೆ ಹೋಟೆಲಿನಲ್ಲಿ ಗಟ್ಟಿಯಾಗಿ ತಿಂದು ಹೊರಡಿ, ಚೀಲದಲ್ಲಿ ಕೋಡುಬಳೆ, ಚಪಾತಿ, ಬಾಳೆಹಣ್ಣು ಇರಲಿ. ಮಾಂಸ, ಮೀನು, ಮೊಟ್ಟೆ, ಸಿಂಪಿ ಸಾಸ್ ಬೇಡ ಎಂದು ಗೈಡಿನ ಕೈಯಲ್ಲಿ ಚೀನೀ ಅಕ್ಷರದಲ್ಲಿ ಬರೆಸಿಟ್ಟುಕೊಂಡರೆ ಊರಿಡೀ ಉಪಯೋಗ. ಲೈಟರ್, ಬೆಂಕಿಪೊಟ್ಟಣ ತಪಾಸಣೆಯಲ್ಲಿ ಹೋಗುತ್ತವೆ.

ಗೈಡುಗಳು ಮಾತಾಡುವುದೆಲ್ಲ ವಿಚಾಟ್‌ನಲ್ಲಿ. ಭಾರತ 2020ರ ಜೂನ್‌ನಲ್ಲಿ ನಿಷೇಧಿಸಿದ 59 ಆ್ಯಪ್‌ಗಳಲ್ಲಿ ಅದೂ ಒಂದು. ಇತ್ತ ನಮ್ಮ ವಾಟ್ಸಾಪ್, ಗೂಗಲ್ ನಕ್ಷೆ ಅಲ್ಲಿನ ವೈಫೈನಲ್ಲಿ ನಡೆಯವು. ಆದ್ದರಿಂದ ಹೊರಡುವ ಮೊದಲೇ ಗೈಡಿನ ಮೊಬೈಲ್ ಸಂಖ್ಯೆ, ಸೇರುವ ಜಾಗದ ಚೀನೀ ಹೆಸರು, ಆ ಜಾಗದ ಫೋಟೊ ಮೂರನ್ನೂ ಕಾಗದದ ಮೇಲೆ ಮುದ್ರಿಸಿಕೊಳ್ಳಿ. ಅಲ್ಲಿನ ಅಂಗಡಿಗಳಲ್ಲಿ ಮೊಬೈಲ್ ಪಾವತಿಯೇ ರೂಢಿ. ಅಲಿಪೇಗೆ ವೀಸಾ, ಮಾಸ್ಟರ್‌ಕಾರ್ಡ್ ಜೋಡಿಸಬಹುದು. ಕೈಯಲ್ಲಿ ಹತ್ತು, ಇಪ್ಪತ್ತರ ಯುವಾನ್ ನೋಟುಗಳೂ ಇರಲಿ.

ಟ್ಯಾಕ್ಸಿಯವರು ತಪ್ಪು ಬಾಗಿಲಿಗೆ ಬಿಡುತ್ತಾರಂತೆ, ಹೌದೇ? (ಮಂಗಳೂರು)

‘ಗೂಗೊಂಗ್’ ಎಂದಷ್ಟೇ ಹೇಳಿದರೆ ಉತ್ತರದ ಬಾಗಿಲಿಗೋ ಪೂರ್ವದ ದೊಂಗ್‌ಹುವಾಮೆನ್‌ಗೋ ಬಿಡಬಹುದು. ಎರಡೂ ಹೊರಬರಲು ಮಾತ್ರ. ಉತ್ತರದಿಂದ ಕಂದಕ ಬಳಸಿ ವೂಮೆನ್ ತಲುಪಲು ಸುಮಾರು ಎರಡು ಕಿ.ಮೀ. ನಡಿಗೆ. ಮೆಟ್ರೊ ಒಂದನೇ ಮಾರ್ಗದ ತಿಯಾನಾನ್‌ಮೆನ್ ಪೂರ್ವ ನಿಲ್ದಾಣ ಸುಲಭ. ಅಲ್ಲಿಂದ ಭದ್ರತಾ ತಪಾಸಣೆಯ ಸಾಲುಗಳಿಗೆ ಮುಕ್ಕಾಲು ಗಂಟೆ ಇಟ್ಟುಕೊಳ್ಳಿ. 8.30ರ ಪ್ರವೇಶಕ್ಕೆ 7.30ಕ್ಕೆ ಗೈಡನ್ನು ಸೇರಬೇಕು.

ದಾರಿಯಲ್ಲಿ ‘ಇವತ್ತು ಅರಮನೆ ಮುಚ್ಚಿದೆ, ಬನ್ನಿ ಬೇರೆ ತೋರಿಸುತ್ತೇನೆ’ ಎನ್ನುವವರು, ಚಹಾ ಕುಡಿಯೋಣ ಎಂದು ಕರೆಯುವ ‘ಕಲಾ ವಿದ್ಯಾರ್ಥಿ’ಗಳು, ಮೂರು ಯುವಾನ್ ಎಂದು ಹತ್ತಿಸಿಕೊಂಡು ಇಳಿಯುವಾಗ ಮುನ್ನೂರು ಕೇಳುವ ರಿಕ್ಷಾದವರು ಸಿಗುತ್ತಾರೆ. ನಿಂತು ಉತ್ತರ ಕೊಡಬೇಡಿ.

ಟೂರ್ ಶೆನ್‌ವೂಮೆನ್‌ನಲ್ಲಿ ಮುಗಿಯುತ್ತದೆ. ಆಮೇಲೆ? (ಬೆಳಗಾವಿ)

ಆ ಬಾಗಿಲಲ್ಲಿ ಟ್ಯಾಕ್ಸಿ ಸಿಗುವುದು ಅಪರೂಪ, ಮೆಟ್ರೊ ಪಕ್ಕದಲ್ಲಿಲ್ಲ. ಎಲ್ಲರೂ ಅಲ್ಲಿ ಒದ್ದಾಡುತ್ತಿರುವಾಗ ನೀವು ರಸ್ತೆ ದಾಟಿ ಜಿಂಗ್‌ಶಾನ್ ಉದ್ಯಾನ ಹೊಕ್ಕುಬಿಡಿ. ಅರಮನೆಯ ಕಂದಕ ತೋಡಿದಾಗ ಬಂದ ಮಣ್ಣನ್ನು ಗುಡ್ಡೆ ಹಾಕಿದ, ಸುಮಾರು 45 ಮೀಟರ್ ಎತ್ತರದ ಬೆಟ್ಟ. ಟಿಕೆಟ್ ಹೆಸರಿಗಷ್ಟೇ. 1644ರಲ್ಲಿ ಬಂಡುಕೋರರು ನಗರ ಹೊಕ್ಕಾಗ ಮಿಂಗ್ ಮನೆತನದ ಕೊನೆಯ ಚಕ್ರವರ್ತಿ ಚೊಂಗ್‌ಜೆನ್ ನೇಣು ಹಾಕಿಕೊಂಡದ್ದು ಇದರ ಪೂರ್ವ ಇಳಿಜಾರಿನಲ್ಲಿ.

ನಡುವಿನ ಮಂಟಪಕ್ಕೆ ಏರಿ ದಕ್ಷಿಣಕ್ಕೆ ತಿರುಗಿದರೆ ಅರಮನೆ ಪೂರ್ತಿ ಕಾಲಕೆಳಗೆ. ಬೆಳಗಿನ ಹೊತ್ತು ಬೆಳಕು ಎದುರಿಗಿರುತ್ತದೆ, ಫೋಟೊ ಮಸುಕು; ಸಂಜೆಯ ಓರೆ ಬಿಸಿಲಲ್ಲಿ ಹಳದಿ ಹೆಂಚು ಹೊಳೆಯುತ್ತದೆ. ಹಳದಿಯ ನಡುವೆ ಪೂರ್ವಕ್ಕೆ ಒಂದು ಕಪ್ಪು ಹೆಂಚಿನ ಮಾಡು ಹುಡುಕಿ. ಅದು ‘ವೆನ್‌ಯುವಾನ್-ಗೆ’ (‘ಗೆ’ ಎಂದರೆ ಮಹಡಿಮನೆ), ಚಕ್ರವರ್ತಿಗಳ ಗ್ರಂಥಭಂಡಾರ. ಅವರ ಲೆಕ್ಕದಲ್ಲಿ ಕಪ್ಪು ನೀರಿನ ಬಣ್ಣ; ಪುಸ್ತಕಗಳಿಗೆ ಬೆಂಕಿ ತಾಗದಿರಲಿ ಎಂದು ಹಾಗೆ ಹೊದಿಸಿದ್ದು. ಬರಿಗಣ್ಣಿಗೆ ಸಿಕ್ಕದಿದ್ದರೆ ಬೆಳಿಗ್ಗೆ ತಂದ ದುರ್ಬೀನು ತೆಗೆಯಿರಿ.